ಎಚ್ಚೆನ್ ಮೇಷ್ಟ್ರು ಮತ್ತು ನನ್ನ 9.8

ಫಸ್ಟ್ ಪಿಯುಸಿಯಲ್ಲಿ ನಾನು ಬರೆದ ಫಿಸಿಕ್ಸ್ ರೆಕಾರ್ಡ್ ಬುಕ್ ಇನ್ನೂ ನಮ್ಮ ಚಾಮರಾಜಪೇಟೆ ಮನೆಯ ಅಟ್ಟದ ಮೇಲಿದೆ. ಅದರಲ್ಲಿ ಸರಳ ಲೋಲಕದ ಪ್ರಯೋಗದ ಕೊನೆಗೆ ಗುರುತ್ವ ವೇಗೋತ್ಕರ್ಷ 9.8 ಎಂದು ಬರೆದು, ಸುತ್ತ ಸ್ಕೇಲಿನಲ್ಲಿ ಚೌಕ ಎಳೆದಿದ್ದೇನೆ. ಪಕ್ಕದಲ್ಲಿ ಕೆಂಪು ಇಂಕಿನ ರೈಟ್ ಮಾರ್ಕು, ಸಹಿ, ತಾರೀಕು. ನೋಡಿದವರು ಎಂಥಾ ಹುಡುಗ ಅನ್ನಬೇಕು.

ನಿಜ ಹೇಳಬೇಕೆಂದರೆ ಆ ಲೋಲಕವನ್ನು ನಾನು ಒಂದು ಸಲವೂ ತೂಗಿಬಿಟ್ಟಿರಲಿಲ್ಲ. ದಾರಕ್ಕೆ ಲೋಹದ ಗುಂಡು ಕಟ್ಟಿ, 20 ಆಂದೋಲನಕ್ಕೆ ಎಷ್ಟು ಸೆಕೆಂಡು ಹಿಡಿಯುತ್ತದೆಂದು ಸ್ಟಾಪ್‌ವಾಚ್‌ನಲ್ಲಿ ನೋಡಿ ಬರೆಯುವುದು ಪ್ರಯೋಗ. ನಮ್ಮ ಬ್ಯಾಚಿನಲ್ಲಿದ್ದ ನಾಲ್ಕು ಜನವೂ ಹಿಂದಿನ ರಾತ್ರಿಯೇ ಮನೆಯಲ್ಲಿ ಕ್ಯಾಲ್ಕುಲೇಟರ್ ಹಿಡಿದು ಕೂತಿದ್ದೆವು. ಉತ್ತರ 9.8 ಬರಬೇಕಾದರೆ 100 ಸೆಂಟಿಮೀಟರ್ ಉದ್ದಕ್ಕೆ 40.1 ಸೆಕೆಂಡು ಬೇಕು, 80ಕ್ಕೆ 35.9, 60ಕ್ಕೆ 31.1. ಹೀಗೆ ಉತ್ತರದಿಂದ ಹಿಮ್ಮುಖವಾಗಿ ನಡೆದು ರೀಡಿಂಗ್‌ಗಳನ್ನು ಹುಟ್ಟಿಸಿದೆವು. ತೀರಾ ಅಚ್ಚುಕಟ್ಟಾದರೆ ಅನುಮಾನ ಬರುತ್ತದೆಂದು ಒಂದೆರಡು ಕಡೆ ದಶಮಾಂಶವನ್ನು ಆಚೀಚೆ ಜರುಗಿಸಿದ್ದೂ ಉಂಟು. ಪ್ರಾಯೋಗಿಕ ಪರೀಕ್ಷೆಯಲ್ಲಿ ನನಗೆ 30ಕ್ಕೆ 30 ಬಂತು. ಆಗ ಇದು ಮೋಸ ಅಂತ ಅನ್ನಿಸಿರಲೇ ಇಲ್ಲ. ಎಲ್ಲರೂ ಮಾಡುತ್ತಿದ್ದರು, ಸೀನಿಯರ್‌ಗಳು ಮಾಡಿದ್ದರು, ಲ್ಯಾಬಿನವರಿಗೂ ಗೊತ್ತಿತ್ತು.

ಈಗ ಇದೆಲ್ಲ ನೆನಪಾಗಲು ಕಾರಣ ನನ್ನ ತಂಗಿ. ಅವಳು ಈ ವರ್ಷ ಫಸ್ಟ್ ಪಿಯುಸಿ. ಲ್ಯಾಬಿನಲ್ಲಿ ಅವಳ ಬ್ಯಾಚಿಗೆ ಉತ್ತರ 10.5 ಬಂದಿತ್ತಂತೆ. ಸಮಯ ಮುಗಿಯಿತು, ರೀಡಿಂಗ್ ಸರಿಮಾಡಿಕೊಂಡು ಬನ್ನಿ ಎಂದು ಕಳಿಸಿದ್ದಾರೆ. ಸರಿಮಾಡಿಕೊಂಡು ಬರುವುದು ಅಂದರೆ ಏನು ಅಂತ ಪಿಯುಸಿ ಓದಿದ ಎಲ್ಲರಿಗೂ ಗೊತ್ತು. ಅಟ್ಟ ಹತ್ತಿ ನನ್ನ ರೆಕಾರ್ಡ್ ಇಳಿಸಿಕೊಡು ಅಣ್ಣ ಅಂದಳು. ನಾನು ಏಣಿಗೆ ಕೈ ಹಾಕಿದ್ದೆ. ಆಗ ಪೇಪರ್ ಓದುತ್ತ ಕೂತಿದ್ದ ತಾತ ತಲೆ ಎತ್ತದೆಯೇ, ಮೊದಲೇ ಗೊತ್ತಿರುವ ಉತ್ತರ ಬರೆಯುವುದಕ್ಕೆ ಅಷ್ಟು ದೊಡ್ಡ ಲ್ಯಾಬ್ ಯಾಕೆ ಬೇಕು, ಎಚ್ಚೆನ್ ಇದ್ದಿದ್ದರೆ ಏನನ್ನುತ್ತಿದ್ದರೋ ಅಂದುಬಿಟ್ಟರು.

ಎಚ್ಚೆನ್ ಅಂದರೆ ಡಾ. ಎಚ್. ನರಸಿಂಹಯ್ಯ. ನಾನು ಹುಟ್ಟಿದ್ದು 2005ರಲ್ಲಿ. ಅವರು ತೀರಿಕೊಂಡದ್ದು ಅದೇ ವರ್ಷದ ಜನವರಿ 31ರಂದು. ಹಾಗಾಗಿ ನನಗೆ ಅವರು ಬಸವನಗುಡಿಯ ನ್ಯಾಷನಲ್ ಕಾಲೇಜಿನ ಜೊತೆಗೆ ಅಂಟಿಕೊಂಡ ಒಂದು ಹೆಸರು ಮಾತ್ರ, ಗಾಂಧಿ ಟೋಪಿ ಹಾಕಿಕೊಂಡ ಒಂದು ಫೋಟೊ ಮಾತ್ರ. ನ್ಯಾಷನಲ್ ಕಾಲೇಜು ಅಂದರೆ ನನ್ನ ವಯಸ್ಸಿನವರಿಗೆ ಹಸಿರು ಮಾರ್ಗದ ಮೆಟ್ರೊ ಸ್ಟೇಷನ್ನು, ಫ್ಲೈಓವರ್ರು, ಮೈದಾನದ ರಾಜಕೀಯ ಸಭೆ. ತಾತನಿಗೆ ಹಾಗಲ್ಲ. ಬ್ಯಾಂಕ್ ಕೆಲಸ ಮುಗಿಸಿ ಪ್ರತಿ ಬುಧವಾರ ಸಂಜೆ ಮಕ್ಕಳ ಕೂಟದ ಪಕ್ಕದಿಂದ ಬಸವನಗುಡಿಗೆ ನಡೆದುಕೊಂಡು ಹೋಗಿ ಅಲ್ಲಿ ವಿಜ್ಞಾನದ ಉಪನ್ಯಾಸ ಕೇಳಿ ಬರುತ್ತಿದ್ದವರು ಅವರು. ಆ ದಿನ ರೆಕಾರ್ಡ್ ಅಟ್ಟದಲ್ಲೇ ಉಳಿಯಿತು. ತಾತನ ಬೀರುವಿನಿಂದ ಎಚ್ಚೆನ್ ಅವರ ಆತ್ಮಕಥೆ ‘ಹೋರಾಟದ ಹಾದಿ’ ಕೆಳಗೆ ಬಂತು. ನಾನು ಓದಿದ್ದು, ತಾತ ಹೇಳಿದ್ದು ಎರಡನ್ನೂ ಸೇರಿಸಿ ಇಲ್ಲಿ ಬರೆಯುತ್ತಿದ್ದೇನೆ.

ಎಚ್ಚೆನ್ ಹುಟ್ಟಿದ್ದು 1920ರ ಜೂನ್ 6ರಂದು, ಗೌರಿಬಿದನೂರು ತಾಲ್ಲೂಕಿನ ಹೊಸೂರಿನಲ್ಲಿ. ಬಡವರ ಮನೆ. ಊರಿನಲ್ಲಿ, ಆಮೇಲೆ ಗೌರಿಬಿದನೂರಿನಲ್ಲಿ ಓದಿದರು. ಮುಂದೆ ಓದಬೇಕೆಂದರೆ ಬೆಂಗಳೂರಿಗೆ ಬರಬೇಕು. ಬರಲು ಚಾರ್ಜಿಗೆ ದುಡ್ಡಿಲ್ಲ. 15 ವರ್ಷದ ಆ ಹುಡುಗ ನಡೆದೇ ಹೊರಟ. ಸುಮಾರು 80 ಕಿಲೋಮೀಟರ್, ಎರಡು ದಿನ. ಗಂಟೆಗೆ 4 ಕಿಲೋಮೀಟರ್ ಅಂತ ಲೆಕ್ಕ ಹಾಕಿದರೂ ಬರೀ ನಡಿಗೆಯೇ 20 ಗಂಟೆ ಆಗುತ್ತದೆ. ನಾನು ಕಾಲೇಜಿಗೆ ಹೋಗುವಾಗ ಮೆಟ್ರೊ ಇಳಿದು ಫೀಡರ್ ಬಸ್ಸಿಗೆ ಹತ್ತು ನಿಮಿಷ ಕಾಯುವುದಕ್ಕೇ ಗೊಣಗುವವನು. ಆದ್ದರಿಂದ ಈ ಭಾಗವನ್ನು ಎರಡು ಸಲ ಓದಿದೆ.

ಸೇರಿದ್ದು ಬಸವನಗುಡಿಯ ನ್ಯಾಷನಲ್ ಹೈಸ್ಕೂಲು. ಆನಿ ಬೆಸೆಂಟ್ ಅವರ ಪ್ರೇರಣೆಯಿಂದ 1917ರಲ್ಲಿ ಶುರುವಾದ ಶಾಲೆ ಅದು. ಬಡ ವಿದ್ಯಾರ್ಥಿಗಳ ನಿಲಯದಲ್ಲಿ ವಾಸ. ಅಲ್ಲಿ ಕೆ. ಸಂಪದ್ಗಿರಿರಾಯರಂಥ ಮೇಷ್ಟ್ರು ಸಿಕ್ಕರು. 1936ರಲ್ಲಿ ಗಾಂಧೀಜಿ ಶಾಲೆಗೆ ಬಂದಾಗ ಅವರ ಹಿಂದಿ ಮಾತನ್ನು ಕನ್ನಡದಲ್ಲಿ ಹೇಳುವ ಕೆಲಸ ಇದೇ ಹುಡುಗನಿಗೆ ಬಿತ್ತು. ಖಾದಿ ಪಂಚೆ, ಜುಬ್ಬ, ಬಿಳಿ ಟೋಪಿ ಕೊನೆಯವರೆಗೂ ಅವರ ಮೈಮೇಲೆ ಉಳಿದವು.

ಮುಂದೆ ಸೆಂಟ್ರಲ್ ಕಾಲೇಜಿನಲ್ಲಿ ಫಿಸಿಕ್ಸ್ ಆನರ್ಸ್. 1942ರಲ್ಲಿ ಚಲೇಜಾವ್ ಚಳವಳಿ ಬಂತು, ಓದು ಬಿಟ್ಟು ಜೈಲಿಗೆ ಹೋದರು. ಯರವಾಡ ಜೈಲನ್ನೂ ಕಂಡರು. ಹೊರಗೆ ಬಂದ ಮೇಲೆ ಮತ್ತೆ ಅದೇ ಸೆಂಟ್ರಲ್ ಕಾಲೇಜಿಗೆ ಹೋಗಿ ಆನರ್ಸ್, ಎಂಎಸ್ಸಿ ಮುಗಿಸಿದರು. ನಮಗೆ ಒಂದು ಸಬ್ಜೆಕ್ಟ್ ಬ್ಯಾಕ್ ಉಳಿದರೆ ಜೀವನ ಮುಗಿಯಿತು ಅನ್ನಿಸುತ್ತದೆ.

1946ರಲ್ಲಿ ಅವರು ನ್ಯಾಷನಲ್ ಕಾಲೇಜಿಗೆ ಫಿಸಿಕ್ಸ್ ಮೇಷ್ಟ್ರಾಗಿ ಸೇರಿದರು. ಕಾಲೇಜು ಶುರುವಾಗಿ ಆಗಿನ್ನೂ ಒಂದು ವರ್ಷ. ಮದುವೆ ಆಗಲಿಲ್ಲ. ಕಾಲೇಜಿನ ಹಾಸ್ಟೆಲ್ಲಿನ ಒಂದು ಕೋಣೆಯಲ್ಲಿ ಹುಡುಗರ ಜೊತೆ ಉಳಿದರು. ಪ್ರಿನ್ಸಿಪಾಲರಾದಾಗಲೂ ಅದೇ ಕೋಣೆ, ಕುಲಪತಿಯಾದಾಗಲೂ ಅದೇ ಕೋಣೆ, ನಿವೃತ್ತಿಯಾದ ಮೇಲೂ ಅದೇ. ಉಪ್ಪಿಟ್ಟಿನ ಮೇಲೆ ಅವರಿಗಿದ್ದ ಪ್ರೀತಿ ಬಸವನಗುಡಿಯಲ್ಲೆಲ್ಲ ಹೆಸರುವಾಸಿ. ಗಾಂಧಿ ಬಜಾರಿನಲ್ಲಿ ಪಂಚೆ ಎತ್ತಿ ಹಿಡಿದು ಬಿರಬಿರನೆ ನಡೆದು ಹೋಗುತ್ತಿದ್ದ ಅವರನ್ನು ತಾತ ಎಷ್ಟೋ ಸಲ ನೋಡಿದ್ದಾರಂತೆ.

1957ರಲ್ಲಿ ಅಮೆರಿಕದ ಒಹಾಯೊ ಸ್ಟೇಟ್ ವಿಶ್ವವಿದ್ಯಾಲಯಕ್ಕೆ ಹೋದರು. ಆಗ ಅವರಿಗೆ 37 ವರ್ಷ. ನ್ಯೂಕ್ಲಿಯರ್ ಫಿಸಿಕ್ಸ್‌ನಲ್ಲಿ 1960ರಲ್ಲಿ ಪಿಎಚ್‌.ಡಿ. ಪಡೆದು ವಾಪಸ್ ಬಂದರು. ಇಲ್ಲಿ ಸ್ವಲ್ಪ ನಿಂತು ಒಂದು ಮಾತು ಹೇಳಬೇಕು. ನ್ಯೂಕ್ಲಿಯರ್ ಫಿಸಿಕ್ಸ್ ಅಂದರೆ ದೊಡ್ಡ ಪಾಲು ಎಣಿಸುವ ಕೆಲಸ. ವಿಕಿರಣ ಸೂಸುವ ವಸ್ತುವಿನ ಮುಂದೆ ಕೌಂಟರ್ ಇಟ್ಟು ಎಷ್ಟು ಕಣ ಬಂತು ಎಂದು ಲೆಕ್ಕ ಇಡುತ್ತಾರೆ. ಒಂದು ನಿಮಿಷಕ್ಕೆ 100 ಬಂದರೆ ಮುಂದಿನ ನಿಮಿಷ 100 ಬರುವುದಿಲ್ಲ, 92 ಬರಬಹುದು, 109 ಬರಬಹುದು. ಪ್ರಕೃತಿಯೇ ಹಾಗೆ. 100 ಎಣಿಸಿದರೆ ಅದರಲ್ಲಿ ಸುಮಾರು 10ರಷ್ಟು ಏರುಪೇರು ಇದ್ದೇ ಇರುತ್ತದೆ. 10,000 ಎಣಿಸಿದರೆ ಸುಮಾರು 100. ಎಣಿಸಿದ ಸಂಖ್ಯೆಯ ವರ್ಗಮೂಲದಷ್ಟು ಅನುಮಾನವನ್ನು ಪ್ರತಿ ಉತ್ತರದ ಪಕ್ಕದಲ್ಲೂ ಬರೆಯಬೇಕು. ಅಂದರೆ ಆ ಶಾಸ್ತ್ರದಲ್ಲಿ ಪ್ರತಿ ಸಲವೂ ಒಂದೇ ರೀಡಿಂಗ್ ತೋರಿಸುವವನ ಮೇಲೆಯೇ ಮೊದಲು ಸಂಶಯ. ನಮ್ಮ ಲ್ಯಾಬಿನಲ್ಲಿ ಸಂಶಯ ಬರುವುದು ರೀಡಿಂಗ್ ಬೇರೆ ಬಂದವನ ಮೇಲೆ. ಬಿಇಗೆ ಬಂದ ಮೇಲೂ ಇದು ಬದಲಾಗಿಲ್ಲ.

1961ರಲ್ಲಿ ಎಚ್ಚೆನ್ ನ್ಯಾಷನಲ್ ಕಾಲೇಜಿನ ಪ್ರಿನ್ಸಿಪಾಲರಾದರು. ಮರುವರ್ಷವೇ, 1962ರಲ್ಲಿ, ಬೆಂಗಳೂರು ಸೈನ್ಸ್ ಫೋರಂ ಹುಟ್ಟಿತು. ವಾರಕ್ಕೊಂದು ದಿನ ಸಂಜೆ ಒಬ್ಬ ವಿಜ್ಞಾನಿಯೋ ಡಾಕ್ಟರೋ ಎಂಜಿನಿಯರೋ ಬಂದು ಮಾತಾಡುತ್ತಾರೆ. ಬಂದವರು ಕೇಳುತ್ತಾರೆ, ಆಮೇಲೆ ಪ್ರಶ್ನೆ ಹಾಕುತ್ತಾರೆ. ಟಿಕೆಟ್ ಇಲ್ಲ. ಜುಲೈ ಬಂತೆಂದರೆ ತಿಂಗಳಿಡೀ ವಿಜ್ಞಾನದ ಹಬ್ಬ. ಕೇಳಿದರೆ ತೀರಾ ಸಾಧಾರಣ ಏರ್ಪಾಡು ಅನ್ನಿಸುತ್ತದೆ. ಆದರೆ ಟಾಟಾ ಇನ್‌ಸ್ಟಿಟ್ಯೂಟಿನ ವಿಜ್ಞಾನಿ ಒಬ್ಬರ ಎದುರು ಬ್ಯಾಂಕಿನ ಗುಮಾಸ್ತ ಎದ್ದು ನಿಂತು, ನೀವು ಹೇಳಿದ ಮಾತು ನನಗೆ ಒಪ್ಪಿಗೆಯಾಗಲಿಲ್ಲ ಎನ್ನಬಹುದಾದ ಜಾಗ ಇಡೀ ಊರಿನಲ್ಲಿ ಅದೊಂದೇ ಇತ್ತು ಅನ್ನುತ್ತಾರೆ ತಾತ. ಅವರೇ ಒಂದು ಸಲ ಎದ್ದು ನಿಂತಿದ್ದರಂತೆ. ಏನು ಕೇಳಿದ್ದೆ ಅನ್ನುವುದು ಮಾತ್ರ ಮರೆತಿದೆ, ಕಾಲು ನಡುಗಿದ್ದು ನೆನಪಿದೆ.

ನಾನೂ ತಾತನ ಜೊತೆ ಒಂದು ಬುಧವಾರ ಹೋಗಿಬಂದೆ. ಎದುರಿನ ಸಾಲುಗಳಲ್ಲಿ ತಲೆ ನೆರೆತವರು, ಹಿಂದೆ ಬ್ಯಾಗು ತೊಡೆಯ ಮೇಲೆ ಇಟ್ಟುಕೊಂಡ ಹುಡುಗ ಹುಡುಗಿಯರು. ವಿಷಯ ನನಗೆ ಅರ್ಧ ಅರ್ಥವಾಯಿತು. ಮನಸ್ಸಿಗೆ ತಾಗಿದ್ದು ಬೇರೆಯೇ. ಅಲ್ಲಿ ಅಟೆಂಡೆನ್ಸ್ ಇರಲಿಲ್ಲ. ನಾನು ಕಾಲೇಜಿನಲ್ಲಿ ಕೂತು ಕೇಳುವ ಪ್ರತಿ ಸೆಮಿನಾರಿಗೂ ಹಾಜರಿ ಉಂಟು, ಸರ್ಟಿಫಿಕೇಟ್ ಉಂಟು, ಆಕ್ಟಿವಿಟಿ ಪಾಯಿಂಟ್ ಉಂಟು. ಇವು ಮೂರೂ ಇಲ್ಲದ ಸಭೆಯಲ್ಲಿ ನೂರಾರು ಬುಧವಾರ ಕೂತವರು ತಾತ. ಯಾವ ಪರೀಕ್ಷೆಗೂ ಬಾರದ ಪಾಠ ಅದು.

ನನ್ನ ತಲೆಮಾರಿನವರಿಗೆ ಕೈಯಿಂದ ಮಾಡಿ ಕಲಿಯುವುದು ಗೊತ್ತೇ ಇಲ್ಲ ಅಂತಲ್ಲ. ಎಸ್ಸೆಸ್ಸೆಲ್ಸಿಯಲ್ಲಿ 80 ಅಂಕ ಬರೆಯುವ ಪರೀಕ್ಷೆಗೆ, 20 ಅಂಕ ಆಂತರಿಕ ಮೌಲ್ಯಮಾಪನಕ್ಕೆ. ಮಕ್ಕಳು ಚಟುವಟಿಕೆ ಮಾಡಲಿ, ಪ್ರಾಜೆಕ್ಟ್ ಮಾಡಲಿ, ಮೂರು ಗಂಟೆಯ ಪರೀಕ್ಷೆಯೊಂದೇ ಎಲ್ಲವನ್ನೂ ತೀರ್ಮಾನಿಸದಿರಲಿ ಎಂಬ ಒಳ್ಳೆಯ ಆಸೆಯಿಂದ ಬಂದ 20 ಅಂಕ ಅದು. ನಾವು ಮಾಡಿದ್ದೇನು? ಸ್ಟೇಷನರಿ ಅಂಗಡಿಯಿಂದ ರೆಡಿಮೇಡ್ ಥರ್ಮೊಕೋಲ್ ಜ್ವಾಲಾಮುಖಿ ತಂದೆವು. ಗಣಿತಕ್ಕೆ ಪೈಥಾಗೊರಸ್ ಚಾರ್ಟನ್ನು ಅಮ್ಮ ಬರೆದುಕೊಟ್ಟರು. ಬಿಇಗೆ ಬಂದ ಮೇಲೆ ಅಂಗಡಿ ಬದಲಾಯಿತು ಅಷ್ಟೆ. ಮಿನಿ ಪ್ರಾಜೆಕ್ಟಿನ ದಿನ ಹತ್ತಿರವಾದರೆ ಎಸ್.ಪಿ. ರಸ್ತೆಗೆ ಹೋಗಿ, ಜೋಡಿಸಿಟ್ಟ ಕಿಟ್ ತರುವವರಿಗೆ ಲೆಕ್ಕವಿಲ್ಲ. ಅಂಕ ಅಂತ ಒಂದು ಇಟ್ಟ ಕೂಡಲೇ ಕೈಕೆಲಸವೂ ಉರು ಹೊಡೆಯುವ ಪಾಠವಾಗಿಬಿಡುತ್ತದೆ.

ಎಪ್ಪತ್ತರ ದಶಕದಲ್ಲಿ ಎಚ್ಚೆನ್ ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಯಾದರು. ಜ್ಞಾನಭಾರತಿ ಆವರಣ ರೂಪುಗೊಳ್ಳುತ್ತಿದ್ದ ಕಾಲ ಅದು. ಸಂಗೀತ, ನೃತ್ಯ, ನಾಟಕಕ್ಕೂ ವಿಶ್ವವಿದ್ಯಾಲಯದಲ್ಲಿ ಜಾಗ ಆಯಿತು. ಆದರೆ ಅವರ ಹೆಸರು ದೇಶದ ಪತ್ರಿಕೆಗಳಲ್ಲೆಲ್ಲ ಓಡಾಡಿದ್ದು 1976ರಲ್ಲಿ, ಅವರೇ ಅಧ್ಯಕ್ಷರಾಗಿ ಮಾಡಿದ ಒಂದು ಸಮಿತಿಯಿಂದ. ಪವಾಡಗಳನ್ನೂ ಪರೀಕ್ಷಿಸಿ ನೋಡಬಹುದಾದ ಮೂಢನಂಬಿಕೆಗಳನ್ನೂ ತನಿಖೆ ಮಾಡುವ ಸಮಿತಿ ಅದು.

ಈ ಕಥೆ ಕೇಳಿದವರು ಸಾಮಾನ್ಯವಾಗಿ ದೇವರು, ದೇವಮಾನವ ಎಂಬ ಜಗಳಕ್ಕೆ ಹೋಗಿಬಿಡುತ್ತಾರೆ. ನನಗೆ ಅದರಲ್ಲಿ ಕಂಡದ್ದು ಒಂದು ಲ್ಯಾಬ್. ಆ ಸಮಿತಿಯವರು ಮಾಡಿದ್ದು ನಾವು ಲ್ಯಾಬಿನಲ್ಲಿ ಮಾಡಬೇಕಾಗಿದ್ದ ಕೆಲಸವನ್ನೇ. ಪಾಂಡವಪುರದಲ್ಲಿ ಒಬ್ಬ ಪುಟ್ಟ ಬಾಲಕ ಗಾಳಿಯಿಂದ ವಿಭೂತಿ ತೆಗೆಯುತ್ತಾನೆಂದು ಜನ ಮುಗಿಬಿದ್ದಿದ್ದರು. ಸಮಿತಿಯವರು ಅಲ್ಲಿಗೇ ಹೋದರು. ಅಂಗಿ ತೆಗೆಸಿ ನೋಡಿದರು. ವಿಭೂತಿ ಬರುತ್ತಿದ್ದದ್ದು ಬನಿಯನ್ನಿನಲ್ಲಿ ಬಚ್ಚಿಟ್ಟ ಜಾಗದಿಂದ. ಬೆಂಗಳೂರಿನ ತಮ್ಮ ಕೋಣೆಯಲ್ಲಿ ಕೂತು, ಇದೆಲ್ಲ ಸಾಧ್ಯವಿಲ್ಲ ಎಂದು ಲೇಖನ ಬರೆದಿದ್ದರೂ ಆಗುತ್ತಿತ್ತು. ಹೋಗಿ ನೋಡಿದರು, ಅದೇ ವ್ಯತ್ಯಾಸ.

ಪುಟ್ಟಪರ್ತಿಯ ಸತ್ಯ ಸಾಯಿಬಾಬಾ ಅವರಿಗೂ ಎಚ್ಚೆನ್ ಪತ್ರ ಬರೆದರು. ಒಂದಲ್ಲ, ಮೂರು. ತಾವು ಮಾಡುವುದನ್ನು ಸಮಿತಿಯ ಎದುರು, ಸಮಿತಿ ಹೇಳುವ ಏರ್ಪಾಡಿನಲ್ಲಿ ಮಾಡಿ ತೋರಿಸಬೇಕು ಎಂಬುದು ಅವುಗಳ ಸಾರ. ಬಾಬಾ ಅದಕ್ಕೆ ಒಪ್ಪಲಿಲ್ಲ. ಉಂಗುರ ಬೇಡ, ಒಂದು ಕುಂಬಳಕಾಯಿ ತೆಗೆದು ತೋರಿಸಲಿ ಎಂದು ಎಚ್ಚೆನ್ ಕೇಳಿದ್ದರು ಅನ್ನುವ ಮಾತು ಬೆಂಗಳೂರಿನಲ್ಲಿ ಈಗಲೂ ಜನರ ಬಾಯಲ್ಲಿದೆ. ಕೇಳಲು ತಮಾಷೆ. ಯೋಚಿಸಿದರೆ ಅದು ಒಳ್ಳೆಯ ಪ್ರಯೋಗದ ವಿನ್ಯಾಸ. ಉಂಗುರ ಅಂಗೈಯಲ್ಲಿ ಅಡಗುತ್ತದೆ, ಬೆರಳ ಸಂದಿಯಲ್ಲಿ ಅಡಗುತ್ತದೆ. ಕುಂಬಳಕಾಯಿ ಅಡಗುವುದಿಲ್ಲ. ಶೂನ್ಯದಿಂದ ಉಂಗುರ ಬರುವುದಾದರೆ ಕುಂಬಳಕಾಯಿಯೂ ಬರಬೇಕಲ್ಲ. ಬೇರೆ ಎಲ್ಲ ದಾರಿಯನ್ನೂ ಮುಚ್ಚಿ, ಒಂದೇ ಒಂದು ವಿವರಣೆ ಉಳಿಯುವ ಹಾಗೆ ಮಾಡುವುದಕ್ಕೇ ನಾವು ಕಂಟ್ರೋಲ್ ಅನ್ನುತ್ತೇವೆ. ನಮ್ಮ ವೈವಾದಲ್ಲಿ ಕಂಟ್ರೋಲ್ ಎಂದರೇನು ಅಂತ ಕೇಳಿದರೆ ಎರಡು ಸಾಲಿನ ವ್ಯಾಖ್ಯೆ ಒಪ್ಪಿಸುತ್ತೇವೆ.

ತಾತನಿಗೆ ಆಗ ಇದು ಸರಿಬರಲಿಲ್ಲವಂತೆ. ಅವರು ಸಂಕಷ್ಟಿ ಬಂದರೆ ದೊಡ್ಡ ಗಣಪತಿ ಗುಡಿಗೆ ಹೋಗುವವರು. ನಂಬಿದವರ ಮನಸ್ಸು ನೋಯಿಸಿ ವಿಶ್ವವಿದ್ಯಾಲಯಕ್ಕೆ ಬರುವುದೇನು ಎಂದು ಅನ್ನಿಸಿತ್ತಂತೆ. ಹಾಗೆ ಅಂದವರು ಆಗ ಊರಿನಲ್ಲಿ ಬಹಳ ಜನ ಇದ್ದರು. ಆದರೂ ತಾತ ಬುಧವಾರ ಹೋಗುವುದನ್ನು ಬಿಡಲಿಲ್ಲ. ಒಪ್ಪದವನಿಗೂ ಅಲ್ಲಿ ಕುರ್ಚಿ ಇರುತ್ತಿತ್ತು ಅಂದರು. ವಿಜ್ಞಾನವನ್ನು ತರಗತಿಯಲ್ಲಿ ಓದಿ, ಮನೆಗೆ ಬಂದು ಅದಕ್ಕೆ ವಿರುದ್ಧವಾಗಿ ಬದುಕುವ ವಿದ್ಯಾವಂತರ ಮೇಲೆಯೇ ಎಚ್ಚೆನ್ ಅವರಿಗೆ ಹೆಚ್ಚು ಸಿಟ್ಟು ಇದ್ದದ್ದು. ಓದಿಲ್ಲದವರ ಮೇಲೆ ಅಷ್ಟಿರಲಿಲ್ಲ.

ಪಾಂಡವಪುರದ ಪುಟ ಓದುವಾಗ ಮೊದಲು ನಗು ಬಂತು. ಸ್ವಲ್ಪ ಹೊತ್ತಾದ ಮೇಲೆ ನಗು ನಿಂತಿತು. ಆ ಹುಡುಗ ವಿಭೂತಿಯನ್ನು ಬನಿಯನ್ನಿನಲ್ಲಿ ಇಟ್ಟುಕೊಂಡು ಬಂದಿದ್ದ, ನಾನು 9.8ನ್ನು ರೆಕಾರ್ಡಿನಲ್ಲಿ ಇಟ್ಟುಕೊಂಡು ಹೋಗಿದ್ದೆ. ಅವನದು ಇನ್ನೂ ಏನೂ ತಿಳಿಯದ ವಯಸ್ಸು. ನನಗೆ 16 ಆಗಿತ್ತು. ಅವನ ಮುಂದೆ ಜನ ಕೈ ಮುಗಿದರು, ನನಗೆ 30ಕ್ಕೆ 30 ಕೊಟ್ಟರು. ನನ್ನ ಅಂಗಿ ತೆಗೆಸಿ ನೋಡುವ ಸಮಿತಿ ಮಾತ್ರ ಬರಲಿಲ್ಲ.

ಎಚ್ಚೆನ್ ಬಗ್ಗೆ ನನಗೆ ಒಂದು ತಕರಾರೂ ಇದೆ. ಇಷ್ಟೆಲ್ಲ ಪ್ರಶ್ನೆ ಮಾಡಿದವರು, ಒಂದು ವಿಶ್ವವಿದ್ಯಾಲಯವೇ ಕೈಯಲ್ಲಿದ್ದವರು, ನಮ್ಮ ಪರೀಕ್ಷೆ ಅನ್ನುವ ದೊಡ್ಡ ಪವಾಡವನ್ನು ಯಾಕೆ ಬಿಟ್ಟರು? ಅವರು ಬಂದು ಹೋದ ಮೇಲೂ ಪ್ರಾಯೋಗಿಕ ಪರೀಕ್ಷೆ ಅದೇ ಪ್ರಾಯೋಗಿಕ ಪರೀಕ್ಷೆ. ತಾತನ ಹತ್ತಿರ ಇದನ್ನು ಹೇಳಿದೆ. ಒಬ್ಬನೇ ಮನುಷ್ಯ ಎಷ್ಟಂತ ಮಾಡುವುದು ಎಂದು ಸುಮ್ಮನಾದರು. ಉತ್ತರ ನನಗೆ ಸಾಲಲಿಲ್ಲ, ಆದರೆ ಬೇರೆ ಉತ್ತರ ನನ್ನ ಹತ್ತಿರವೂ ಇಲ್ಲ. ನಾಲ್ಕು ಜನಕ್ಕೆ ಒಂದು ಸ್ಟಾಪ್‌ವಾಚ್, 60 ಜನಕ್ಕೆ ಎರಡು ಗಂಟೆ, ಒಬ್ಬರೇ ಲೆಕ್ಚರರ್. ಪ್ರತಿಯೊಬ್ಬರ ತಪ್ಪು ಎಲ್ಲಿಂದ ಬಂತು ಎಂದು ಕೂತು ಹುಡುಕಲು ಅವರಿಗೆ ಸಮಯ ಎಲ್ಲಿದೆ? 9.8 ಇದೆಯೋ ಇಲ್ಲವೋ ಎಂದು ನೋಡಲು ಎರಡು ಸೆಕೆಂಡು ಸಾಕು.

ಉಳಿದ ಕಥೆ ಬೇಗ ಹೇಳುತ್ತೇನೆ. ಕುಲಪತಿ ಹುದ್ದೆ 1977ಕ್ಕೆ ಮುಗಿಯಿತು. ವಿಧಾನ ಪರಿಷತ್ತಿನ ಸದಸ್ಯರಾಗಿದ್ದರು. 1984ರಲ್ಲಿ ಪದ್ಮಭೂಷಣ ಬಂತು. ನ್ಯಾಷನಲ್ ಎಜುಕೇಷನ್ ಸೊಸೈಟಿಯ ಅಧ್ಯಕ್ಷರಾಗಿ ಡೊನೇಷನ್ ಇಲ್ಲದೆ ಶಾಲೆ ಕಾಲೇಜು ನಡೆಸಬಹುದು ಎಂದು ಮಾಡಿ ತೋರಿಸಿದರು. ತಾವು ನಡೆದು ಬಂದ ದಾರಿಯಲ್ಲಿ ಇನ್ನೊಬ್ಬರು ನಡೆಯಬೇಕಾಗದಿರಲಿ ಎಂದೋ ಏನೋ, ಹುಟ್ಟೂರು ಹೊಸೂರಿನಲ್ಲಿ ಶಾಲೆ, ಗೌರಿಬಿದನೂರು, ಬಾಗೇಪಲ್ಲಿಯಲ್ಲಿ ಕಾಲೇಜು ಮಾಡಿದರು. ಕಲೆಗೂ ಕೈಹಾಕಿದರು, ಜಯನಗರದ ಕಲಾಕ್ಷೇತ್ರಕ್ಕೆ ಅವರದೇ ಹೆಸರಿದೆ. ತೀರಿಕೊಂಡಾಗ 84 ವರ್ಷ.

ಈಗ ಮತ್ತೆ ನಮ್ಮ ಮನೆಗೆ ಬರುತ್ತೇನೆ. ಭಾನುವಾರ ಮಧ್ಯಾಹ್ನ ತಂಗಿಯೂ ನಾನೂ ನಡುಮನೆಯ ಬಾಗಿಲಿನ ತೋರಣದ ಮೊಳೆಗೆ ದಾರ ಕಟ್ಟಿ, ತುದಿಗೆ ತಾತನ ಹಳೇ ಹಿತ್ತಾಳೆ ಬೀಗ ನೇತುಹಾಕಿದೆವು. ದಾರದ ಉದ್ದ 100 ಸೆಂಟಿಮೀಟರ್. ಸ್ಟಾಪ್‌ವಾಚ್ ನನ್ನ ಫೋನಿನದು. ತಾತ ಕುರ್ಚಿ ಎಳೆದುಕೊಂಡು ಎದುರಿಗೆ ಕೂತರು. ಅಮ್ಮ ಅಡುಗೆಮನೆಗೆ ಹೋಗಲು ದಾರಿ ಬಿಡಿ ಅಂತ ಎರಡು ಸಲ ಬೈದರು.

ತಂಗಿ ಎಣಿಸಿದಳು. 20ಕ್ಕೆ 38.7 ಸೆಕೆಂಡು. ಲೆಕ್ಕ ಹಾಕಿದರೆ 10.5. ಅವಳ ಲ್ಯಾಬಿನಲ್ಲಿ ಬಂದದ್ದೂ ಅದೇ. ಇನ್ನೊಂದು ಸಲ, ಮತ್ತೊಂದು ಸಲ, ಅದೇ. ಅವಳ ಮುಖ ಸಣ್ಣದಾಯಿತು. ತಪ್ಪು ಕಂಡುಹಿಡಿದದ್ದು ಫಿಸಿಕ್ಸ್ ಓದದ ತಾತ. ಬೀಗ ಬಿಟ್ಟ ಕೂಡಲೇ ಒಂದು ಅನ್ನುತ್ತೀಯಲ್ಲ ಪುಟ್ಟಿ, ಅದು ಇನ್ನೂ ಹೋಗೇ ಇಲ್ಲವಲ್ಲ ಅಂದರು. ನಿಜ. ಬಿಡುವಾಗ ಸೊನ್ನೆ ಅನ್ನಬೇಕು. ಅವಳು 20 ಎಂದು ಎಣಿಸುತ್ತಿದ್ದದ್ದು 19. ಬ್ಯಾಂಕಿನಲ್ಲಿ ನೋಟಿನ ಕಟ್ಟು ಎಣಿಸಿದವರ ಕಣ್ಣಿಗೆ ಬಿದ್ದದ್ದು ಎಂಜಿನಿಯರಿಂಗ್ ಓದುವ ನನಗೆ ಹೊಳೆದಿರಲಿಲ್ಲ.

ಸೊನ್ನೆಯಿಂದ ಎಣಿಸಿದಾಗ 40.8 ಬಂತು. ಲೆಕ್ಕ ಹಾಕಿದರೆ 9.5. ಈಗ ಇನ್ನೊಂದು ಕಡೆಗೆ ಬಿದ್ದೆವು. ಸಾಕು ಬಿಡು, 9.8 ಬರಿ ಅನ್ನುವ ಮಾತು ನನ್ನ ನಾಲಿಗೆಯ ತುದಿಗೆ ಬಂದಿತ್ತು. ಅವಳು ಕೇಳಲಿಲ್ಲ. ದಾರವನ್ನು 80 ಮಾಡಿ ನೋಡಿದಳು, 36.6. ಆಮೇಲೆ 60, 31.9. ಗ್ರಾಫ್ ಹಾಳೆ ತಂದು ಒಂದು ಕಡೆ ಉದ್ದ, ಇನ್ನೊಂದು ಕಡೆ ಆವರ್ತಕಾಲದ ವರ್ಗ ಗುರುತಿಸಿದಳು. ಮೂರು ಚುಕ್ಕಿಯೂ ನೆಟ್ಟಗೆ ಒಂದೇ ಗೆರೆಯ ಮೇಲೆ ಕೂತವು. ಆದರೆ ಆ ಗೆರೆಯನ್ನು ಹಿಂದಕ್ಕೆ ಎಳೆದರೆ ಮೂಲಬಿಂದುವಿಗೆ ಬರುತ್ತಿರಲಿಲ್ಲ. ಸುಮಾರು 3 ಸೆಂಟಿಮೀಟರ್ ಕೆಳಗೆ ಹೋಗಿ ಮುಟ್ಟುತ್ತಿತ್ತು. ಪುಸ್ತಕದಲ್ಲಿ ಗೆರೆ ಮೂಲಬಿಂದುವಿನ ಮೂಲಕವೇ ಹೋಗುತ್ತದೆ. ನನ್ನ ರೆಕಾರ್ಡಿನಲ್ಲೂ ಹೋಗಿದೆ, ಯಾಕೆಂದರೆ ನಾನು ಮೊದಲು ಗೆರೆ ಎಳೆದು ಆಮೇಲೆ ಚುಕ್ಕಿ ಇಟ್ಟವನು.

ಆ 3 ಸೆಂಟಿಮೀಟರ್ ಎಲ್ಲಿದೆ ಎಂದು ಅರ್ಧ ಗಂಟೆ ಹುಡುಕಿದೆವು. ಕೊನೆಗೆ ಅದು ಬೀಗದಲ್ಲೇ ಇತ್ತು. ನಾವು ಅಳೆದದ್ದು ದಾರವನ್ನು, ಬೀಗದ ಕೊಂಡಿಯವರೆಗೆ. ಲೋಲಕದ ಉದ್ದ ಎಂದರೆ ತೂಗುವ ವಸ್ತುವಿನ ನಡುಮಧ್ಯದವರೆಗೆ. ತಂಗಿ ಸ್ಕೇಲ್ ಇಟ್ಟು ನೋಡಿದಳು. ಕೊಂಡಿಯಿಂದ ಬೀಗದ ಮಧ್ಯಕ್ಕೆ ಹೆಚ್ಚುಕಡಿಮೆ 3 ಸೆಂಟಿಮೀಟರ್. ನಾವು ಮರೆತದ್ದನ್ನು ಗ್ರಾಫ್ ಮರೆತಿರಲಿಲ್ಲ. ಗೆರೆಯ ಓರೆಯಿಂದ ಲೆಕ್ಕ ಹಾಕಿದಾಗ ಉತ್ತರ 9.76 ಬಂತು.

ಗುರುತ್ವ ಎಲ್ಲ ಊರಿನಲ್ಲೂ ಒಂದೇ ಅಲ್ಲ. ಧ್ರುವಗಳ ಹತ್ತಿರ ಜಾಸ್ತಿ, ಸಮಭಾಜಕದ ಹತ್ತಿರ ಕಡಿಮೆ; ಎತ್ತರಕ್ಕೆ ಹೋದಷ್ಟೂ ಚೂರು ಚೂರೇ ಇಳಿಯುತ್ತದೆ. ಸಮುದ್ರಮಟ್ಟದಿಂದ 900 ಮೀಟರ್‌ಗೂ ಎತ್ತರದಲ್ಲಿರುವ ಬೆಂಗಳೂರಿನಲ್ಲಿ ಅದು 9.78. ತೋರಣದ ಮೊಳೆ, ಹಳೇ ಬೀಗ, ಫೋನು ಹಿಡಿದ ಹುಡುಗಿ ಅದಕ್ಕೆ 0.02ರಷ್ಟು ಹತ್ತಿರ ಹೋಗಿದ್ದಳು. ತಾತ ಕಾಫಿ ಮಾಡಿಸಿದರು.

ಆದರೆ ರೆಕಾರ್ಡಿನಲ್ಲಿ ಏನು ಬರೆಯುವುದು ಎಂಬ ಪ್ರಶ್ನೆ ಹಾಗೇ ಉಳಿದಿತ್ತು. ಪ್ರಾಕ್ಟಿಕಲ್ ಅಂಕ ಕಡಿಮೆಯಾದರೆ ಅವಳ ಒಟ್ಟು ಶೇಕಡ ಇಳಿಯುತ್ತದೆ, ಅಮ್ಮನಿಗೆ ಅದೇ ಚಿಂತೆ. ನಾನು ಎರಡು ಕಡೆಯೂ ಮಾತಾಡಿದೆ, ಅಂದರೆ ಯಾವ ಕಡೆಯೂ ಮಾತಾಡಲಿಲ್ಲ. 30ಕ್ಕೆ 30 ತೆಗೆದುಕೊಂಡು ಆರಾಮಾಗಿ ಬಿಇ ಸೇರಿದವನು ಇನ್ನೊಬ್ಬರಿಗೆ ನಿಜ ಬರಿ ಎಂದು ಹೇಳುವುದು ಸುಲಭವಲ್ಲ. ರಾತ್ರಿ ಅವಳೇ ಕೂತು ಬರೆದಳು. ಮೊದಲು ಬಂದ 10.5, ಅದು ಯಾಕೆ ಬಂತು, ಆಮೇಲಿನ 9.5, ಮೂಲಬಿಂದು ಮುಟ್ಟದ ಗ್ರಾಫು, ಬೀಗದ ಚಿತ್ರ, ಕೊನೆಗೆ 9.76. ನಾನು ಎರಡು ಪುಟಕ್ಕೆ ಮುಗಿಸಿದ್ದ ಪ್ರಯೋಗ ಅವಳಿಗೆ ಐದು ಪುಟ ಹಿಡಿಯಿತು.

ಮೊನ್ನೆ ರೆಕಾರ್ಡ್ ವಾಪಸ್ ಬಂದಿದೆ. ರೈಟ್ ಮಾರ್ಕೂ ಇಲ್ಲ, ತಪ್ಪಿನ ಗುರುತೂ ಇಲ್ಲ. ಗ್ರಾಫಿನ ಆ 3 ಸೆಂಟಿಮೀಟರ್ ಜಾಗಕ್ಕೆ ಕೆಂಪು ಇಂಕಿನಲ್ಲಿ ಸುತ್ತು ಹಾಕಿ, ಬಂದು ನೋಡಿ ಎಂದು ಬರೆದಿದ್ದಾರೆ. ಬೈಯಲು ಕರೆದಿದ್ದಾರೋ ಕೇಳಲು ಕರೆದಿದ್ದಾರೋ ಗೊತ್ತಿಲ್ಲ. ಇವತ್ತು ಬೆಳಿಗ್ಗೆ ಅವಳು ಕಾಲೇಜಿಗೆ ಹೊರಟಾಗ ಬ್ಯಾಗು ಯಾಕೋ ಭಾರ ಅನ್ನಿಸಿ ಎತ್ತಿ ನೋಡಿದೆ. ಒಳಗೆ ದಾರದ ಉಂಡೆಯ ಜೊತೆ ತಾತನ ಬೀಗ ಇತ್ತು.